ಆಫೀಸು ಅಂದರೆ ಯಾರು?

ಮೊನ್ನೆ ಬೆಳಿಗ್ಗೆ ನೋಯ್ಡಾದ ನಮ್ಮ ಫ್ಲ್ಯಾಟಿನ ಹಿಂದಿನ ಮಾರ್ಕೆಟ್ಟಿಗೆ ಹಾಲು ತರಲು ಹೋಗಿದ್ದೆ. ಮಂಜು ಇನ್ನೂ ಕರಗಿರಲಿಲ್ಲ. ತಿರುವಿನಲ್ಲಿ ಒಬ್ಬ ಭಯ್ಯಾ ಕೆಂಡದ ಮೇಲೆ ಗೆಣಸು ಸುಡುತ್ತಿದ್ದ. ಸುಟ್ಟ ಸಿಪ್ಪೆ, ನಿಂಬೆಹುಳಿ, ಕಪ್ಪುಪ್ಪು ಸೇರಿದ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ನನ್ನ ಕೈ ತಾನಾಗಿ ಚೀಲದೊಳಗೆ ಹೋಗಿ ಗುರುತಿನ ಚೀಟಿ ಹುಡುಕತೊಡಗಿತು. ಕೋರ್ಟಿನ ಗೇಟಿನಲ್ಲಿ ತೋರಿಸಲು! ಗೇಟಿಲ್ಲ, ಪೊಲೀಸರಿಲ್ಲ, ಎದುರಿಗೆ ಇದ್ದದ್ದು ಡೈರಿ ಬೂತು ಮಾತ್ರ. ಮನಸ್ಸು ಮರೆತರೂ ಮೈ ಮರೆಯುವುದಿಲ್ಲ ಎಂದು ಅಮ್ಮ ಹೇಳುತ್ತಿದ್ದುದು ಸುಳ್ಳಲ್ಲ.

ಆ ಒಂದು ಚಳಿಗಾಲವನ್ನು ನಾನು ಕಳೆದದ್ದು ದಕ್ಷಿಣ ದೆಹಲಿಯ ಸೆಷನ್ಸ್ ಕೋರ್ಟೊಂದರ ಕಾರಿಡಾರಿನಲ್ಲಿ. ಗೇಟಿನ ಹೊರಗೆ ಗೆಣಸಿನ ಗಾಡಿಗಳು ಸಾಲಾಗಿ ನಿಂತಿರುತ್ತಿದ್ದವು. ಒಳಗೆ ನನ್ನನ್ನು ಭವ್ಯ ಎಂದು ಯಾರೂ ಕರೆಯುತ್ತಿರಲಿಲ್ಲ. ನಾನು ಆರೋಪಿ ನಂಬರ್ ಎರಡು.

ನಾನು ದೊಡ್ಡಬಳ್ಳಾಪುರದವಳು. ಗಾರ್ಮೆಂಟ್ ತಂತ್ರಜ್ಞಾನದಲ್ಲಿ ಡಿಪ್ಲೊಮಾ ಮುಗಿಸಿ, ಅಲ್ಲಿಯೇ ಕೆಲವು ವರ್ಷ ದುಡಿದು, ದೆಹಲಿಯ ಓಖ್ಲಾದ ಒಂದು ರಫ್ತು ಕಾರ್ಖಾನೆಗೆ ಸೇರಿಕೊಂಡಿದ್ದೆ. ಲೋಧಿ ಕಾಲೋನಿಯ ಸರ್ಕಾರಿ ಕ್ವಾರ್ಟರ್ಸಿನಲ್ಲಿ ನಮ್ಮ ಸೋದರಮಾವನ ಮನೆ. ಮಾವ ಒಂದು ಮಂತ್ರಾಲಯದಲ್ಲಿ ಸೆಕ್ಷನ್ ಆಫೀಸರ್. ಆ ಮನೆಯಿಂದಲೇ ಕೆಲಸಕ್ಕೆ ಹೋಗಿಬರುತ್ತಿದ್ದೆ. ಕಾರ್ಖಾನೆಯ ಮೂರನೆಯ ಮಹಡಿ ನನ್ನ ಉಸ್ತುವಾರಿಯಲ್ಲಿತ್ತು. ಹೊಲಿದು ಬಂದ ಬಟ್ಟೆಗೆ ನೂಲು ಕತ್ತರಿಸುವುದು, ಇಸ್ತ್ರಿ ಹಾಕುವುದು, ಡಬ್ಬಕ್ಕೆ ತುಂಬುವುದು ಎಲ್ಲ ಅಲ್ಲಿಯೇ.

ದಿನೇಶ್ ಅಲ್ಲಿ ಇಸ್ತ್ರಿ ಹಾಕುತ್ತಿದ್ದ. ಬಿಹಾರದ ಕಡೆಯವನು, ನನಗಿಂತ ಎರಡು ಮೂರು ವರ್ಷಕ್ಕೆ ದೊಡ್ಡವನಿರಬೇಕು. ನಾನು ಅಮ್ಮನ ಜೊತೆ ಫೋನಿನಲ್ಲಿ ಕನ್ನಡದಲ್ಲಿ ಮಾತಾಡಿದರೆ ಯಾರೊಂದಿಗೋ ಜಗಳವಾಡುತ್ತಿದ್ದೇನೆ ಎಂದೇ ಅವನ ನಂಬಿಕೆ. ಫೋನ್ ಇಟ್ಟಮೇಲೆ ಎಲ್ಲ ಸರಿಯಿದೆಯೇ ಎಂದು ಮೆಲ್ಲಗೆ ಕೇಳುತ್ತಿದ್ದ: "ಮೇಡಂ, ಸಬ್ ಠೀಕ್?" ಅಮ್ಮ ಹಾಗಲಕಾಯಿ ಗೊಜ್ಜು ಮಾಡಿದ್ದನ್ನು ಹೇಳುತ್ತಿದ್ದಳಪ್ಪ ಎಂದರೆ ಅವನಿಗೆ ನಗು ತಡೆಯುತ್ತಿರಲಿಲ್ಲ.

ಸರಕು ಸಾಗಿಸುವ ಲಿಫ್ಟ್ ಆ ಚಳಿಗಾಲದ ಹಿಂದಿನ ವರ್ಷ ದೀಪಾವಳಿಗೂ ಮುಂಚಿನಿಂದಲೇ ಸದ್ದು ಮಾಡುತ್ತಿತ್ತು. ಒಂದು ದಿನ ಮೆಕ್ಯಾನಿಕ್ ಬಂದು ನೋಡಿ, ನನ್ನನ್ನು ಪಕ್ಕಕ್ಕೆ ಕರೆದು, ಬ್ರೇಕು ಹೋಗಿದೆ, ಬದಲಾಯಿಸುವವರೆಗೆ ಯಾರನ್ನೂ ಹತ್ತಿಸಬೇಡಿ, ಬಿದ್ದರೆ ಸೀದಾ ಕೆಳಕ್ಕೆ ಎಂದ. ನಾನು ತಕ್ಷಣ ಮಾಲೀಕರ ಕ್ಯಾಬಿನ್ನಿಗೆ ಹೋದೆ. ಅವರನ್ನು ನಾವೆಲ್ಲ ಬಡೇ ಸಾಹೇಬ್ ಎನ್ನುತ್ತಿದ್ದೆವು. ಕ್ಯಾಬಿನ್ನಿನಲ್ಲಿ ನಾವಿಬ್ಬರೇ. ಮೆಕ್ಯಾನಿಕ್ ಹೇಳಿದ್ದನ್ನು ಹಾಗೆಯೇ ಹೇಳಿದೆ. ಅವರು ಫೋನಿನಿಂದ ತಲೆಯೆತ್ತಿ, "ಸುನ್ ಲಿಯಾ ಬೇಟಾ. ಪಹಲೇ ಮಾಲ್ ನಿಕಲ್‌ನೇ ದೋ," ಎಂದರು. ಕೇಳಿಸಿಕೊಂಡೆ, ಮೊದಲು ಮಾಲು ಹೊರಡಲಿ.

ನಾನು ಮಹಡಿಗೆ ಬಂದು ಎಲ್ಲರಿಗೂ ಡಬ್ಬಗಳನ್ನು ಮೆಟ್ಟಿಲಲ್ಲೇ ಇಳಿಸಲು ಹೇಳಿದೆ. ಗೊಣಗಿದರು, ಆದರೆ ಇಳಿಸಿದರು. ಮಾಲು ಕಳಿಸಬೇಕಿದ್ದ ದಿನ ಮಧ್ಯಾಹ್ನ ನಾನು ನೆಲಮಹಡಿಯಲ್ಲಿ, ಖರೀದಿದಾರರ ಕಡೆಯಿಂದ ತಪಾಸಣೆಗೆ ಬಂದವರ ಜೊತೆಗಿದ್ದೆ. ಆ ಹೊತ್ತಿನಲ್ಲಿ ಲಿಫ್ಟ್ ಚಾಲೂ ಆಯಿತು. ದಿನೇಶ್ ಡಬ್ಬಗಳ ಜೊತೆ ಅದರೊಳಗಿದ್ದ. ಆ ಸದ್ದನ್ನು ನಾನು ವರ್ಣಿಸುವುದಿಲ್ಲ. ಆಸ್ಪತ್ರೆ ತಲುಪುವ ಮೊದಲೇ ಅವನು ಹೋಗಿಬಿಟ್ಟಿದ್ದ.

ಪೊಲೀಸರು ಇಬ್ಬರ ಮೇಲೆ ಕೇಸು ಹಾಕಿದರು. ಮಾಲೀಕರು ಒಂದನೆಯ ಆರೋಪಿ. ಮಹಡಿಯ ಉಸ್ತುವಾರಿ ಎಂಬ ಕಾರಣಕ್ಕೆ ನಾನು ಎರಡನೆಯವಳು. ಕೊಲೆಯಲ್ಲದ ನರಹತ್ಯೆ ಎಂಬ ಸೆಕ್ಷನ್. ನನ್ನ ಬಂಧನವಾಗಲಿಲ್ಲ, ನಿರೀಕ್ಷಣಾ ಜಾಮೀನು ಸಿಕ್ಕಿತು. ಜಾಮೀನಿಗೆ ಸಹಿ ಹಾಕಿದವರು ಮಾವ. ಠಾಣೆಯಲ್ಲಿ ನಾನು ಕ್ಯಾಬಿನ್ನಿನ ಮಾತನ್ನೆಲ್ಲ ಹೇಳಿದ್ದೆ. ತನಿಖಾಧಿಕಾರಿ ಹೂಂಗುಟ್ಟಿದರು. ಆದರೆ ಆರೋಪಿ ಪೊಲೀಸರ ಮುಂದೆ ಆಡಿದ ಮಾತಿಗೆ ಕೋರ್ಟಿನಲ್ಲಿ ಬೆಲೆಯಿಲ್ಲ. ಹೊಡೆದು ಬಡಿದು ತಪ್ಪೊಪ್ಪಿಗೆ ಬರೆಸಿಕೊಳ್ಳಬಾರದೆಂದು ಮಾಡಿದ ಒಳ್ಳೆಯ ಕಾನೂನು ಅದು. ನನ್ನ ಪಾಲಿಗೆ ಅದೇ ಗೋಡೆಯಾಯಿತು. ಆರೋಪಪಟ್ಟಿಯಲ್ಲಿ ನನ್ನ ಬಗ್ಗೆ ಇದ್ದದ್ದು ಇಷ್ಟೇ: ಈಕೆ ಮೂರನೆಯ ಮಹಡಿಯ ಉಸ್ತುವಾರಿ, ಮಾಲು ಸಂಜೆಯೊಳಗೆ ಹೊರಡಬೇಕು ಎಂದು ಬೆಳಿಗ್ಗೆ ಎಲ್ಲರಿಗೂ ಹೇಳಿದ್ದರು.

ಮಾವನಿಗೆ ಕನ್ನಡ ಸಂಘದಲ್ಲಿ ಪರಿಚಯವಿದ್ದ ವಕೀಲರು ಮೂರ್ತಿ ಸರ್. ಮಂಡ್ಯದವರು, ದೆಹಲಿಗೆ ಬಂದು ತಲೆ ನರೆತಿತ್ತು. ಅವರ ಚೇಂಬರು ಎಂದರೆ ಎರಡು ಕುರ್ಚಿ, ಒಂದು ಹೀಟರು. ಕಾಲು ಹೀಟರಿನತ್ತ ಚಾಚಿಕೊಂಡು ಅವರು ನನಗೆ ಪಾಠ ಮಾಡಿದರು.

"ನೋಡಮ್ಮಾ, ನೀನು ತಪ್ಪು ಮಾಡಿದೀಯೋ ಇಲ್ವೋ ಅಂತ ಈಗ ಯಾರೂ ಕೇಳಲ್ಲ. ವಿಚಾರಣೆ ಇನ್ನೂ ಶುರುವೇ ಆಗಿಲ್ಲ. ಶುರು ಮಾಡ್ಬೇಕೋ ಬೇಡ್ವೋ ಅನ್ನೋದು ಈಗಿನ ಪ್ರಶ್ನೆ. ಪೊಲೀಸರು ಕೊಟ್ಟಿರೋ ಕಾಗದದಲ್ಲಿ ಇರೋದೆಲ್ಲ ನಿಜ ಅಂತಲೇ ಇಟ್ಕೋ. ಅಷ್ಟೂ ನಿಜ ಆದ್ರೂ ನಿನ್ನ ಮೇಲೆ ಕೇಸು ನಿಲ್ಲುತ್ತಾ? ಜಡ್ಜು ಅಷ್ಟು ಮಾತ್ರ ನೋಡ್ತಾರೆ. ನಿಲ್ಲಲ್ಲ ಅಂದ್ರೆ ಡಿಸ್ಚಾರ್ಜ್, ಮನೆಗೆ ಹೋಗು. ನಿಲ್ಲುತ್ತೆ ಅಂದ್ರೆ ಆರೋಪ ಹೊರಿಸ್ತಾರೆ, ಆಮೇಲೆ ಸಾಕ್ಷಿ, ಪಾಟೀಸವಾಲು ಎಲ್ಲ. ವರ್ಷಗಟ್ಟಲೆ."

"ಸರ್, ಲಿಫ್ಟ್ ಕೆಟ್ಟಿದೆ ಅಂತ ನಾನೇ ಹೋಗಿ ಹೇಳಿದ್ದೆ. ಅದನ್ನ ಹೇಳಿದ್ರೆ ಆಯ್ತಲ್ಲ?"

"ಯಾರ ಮುಂದೆ ಹೇಳ್ತೀಯ? ನಿನ್ನ ಸಮಜಾಯಿಷಿ ಕೇಳೋ ಘಟ್ಟ ಇದಲ್ಲ. ಕೇಳಿದ್ರೂ ಅದು ನಿನಗೇ ಉರುಳು." ಅವರು ಕಾಲನ್ನು ಹಿಂದಕ್ಕೆ ಎಳೆದುಕೊಂಡು ನೆಟ್ಟಗೆ ಕೂತರು. "ಈ ಸೆಕ್ಷನ್ನಿನ ಜೀವ ಇರೋದು ಒಂದೇ ಮಾತಲ್ಲಿ. ಗೊತ್ತಿತ್ತಾ? ಸಾವು ಆಗಬಹುದು ಅಂತ ಗೊತ್ತಿದ್ದೂ ಮಾಡಿದ್ರೆ ನರಹತ್ಯೆ. ಗೊತ್ತಿಲ್ಲದೆ ಅಜಾಗರೂಕತೆಯಿಂದ ಆದ್ರೆ ಅದು ಸಣ್ಣ ಅಪರಾಧ, ಕೆಳಗಿನ ಕೋರ್ಟಿಗೆ ಹೋಗುತ್ತೆ. ನಿನಗೆ ಗೊತ್ತಿತ್ತು ಅಂತ ಆ ಕಾಗದದಲ್ಲಿ ಎಲ್ಲೂ ಇಲ್ಲ. ನೀನಾಗಿ ಬಾಯಿಬಿಟ್ಟು ಗೊತ್ತಿತ್ತು ಅಂತೀಯಾ?"

ನನ್ನನ್ನು ಕಾಪಾಡಬೇಕಿದ್ದ ಸತ್ಯವೇ ನನ್ನನ್ನು ಸಿಕ್ಕಿಸುವ ಸತ್ಯವೂ ಆಗಿತ್ತು.

ಆ ಚಳಿಗಾಲದಲ್ಲಿ ತಾರೀಖುಗಳು ಬಂದವು, ಹೋದವು. ಒಂದು ಸಲ ಮಂಜಿನಲ್ಲಿ ಮಾಲೀಕರ ಹಿರಿಯ ವಕೀಲರ ವಿಮಾನ ಇಳಿಯಲಿಲ್ಲ. ಇನ್ನೊಂದು ಸಲ ವಕೀಲರ ಮುಷ್ಕರ. ಮತ್ತೊಮ್ಮೆ ನ್ಯಾಯಾಧೀಶರೇ ರಜೆ. ಕಾರ್ಖಾನೆಯಿಂದ ನನ್ನನ್ನು ತೆಗೆದಿದ್ದರು. ನೋಯ್ಡಾದ ಒಂದು ಕಂಪನಿ ಕೆಲಸ ಕೊಡಲು ಒಪ್ಪಿತ್ತು, ಕೇಸಿನಿಂದ ಹೊರಬಂದ ಮೇಲೆ ಸೇರಿಕೊಳ್ಳಿ ಎಂದಿತ್ತು. ಬೆಳಗಿನ ಬಸ್ಸಿನಲ್ಲಿ ಮಫ್ಲರ್ ಸುತ್ತಿಕೊಂಡು ಹೋಗಿ, ಬಿಸಿಲು ಬಿದ್ದ ಕಡೆ ಹುಡುಕಿ ಕೂರುವುದೇ ನನ್ನ ಕೆಲಸವಾಯಿತು. ಕಾರಿಡಾರಿನ ತುದಿಯಲ್ಲಿ ಒಂದು ಬೆಂಚಿಗೆ ಮಾತ್ರ ಬಿಸಿಲು ಬೀಳುತ್ತಿತ್ತು. ಅಲ್ಲಿ ಪುಷ್ಪಾ ಕೂರುತ್ತಿದ್ದಳು.

ಪುಷ್ಪಾ ದಿನೇಶನ ಹೆಂಡತಿ. ಅಣ್ಣನ ಜೊತೆ ಪ್ರತಿ ತಾರೀಖಿಗೂ ಬರುತ್ತಿದ್ದಳು. ಅವಳು ಬರಬೇಕೆಂದು ಯಾರೂ ಹೇಳಿರಲಿಲ್ಲ. ಬರದಿದ್ದರೆ ಕೇಸು ಮುಚ್ಚಿಹೋಗುತ್ತದೆ ಎಂದು ಅವಳಿಗೆ ಯಾರೋ ಹೇಳಿದ್ದರಂತೆ. ಮೊದಲ ಸಲ ನನ್ನನ್ನು ತೋರಿಸಿ ಅಣ್ಣನಿಗೆ, "ಯಹೀ ಮೇಡಂ ಥೀ," ಎಂದಳು, ಇವರೇ ಆ ಮೇಡಂ. ಸಿಟ್ಟು ಕೂಡ ಇರಲಿಲ್ಲ ಆ ಮಾತಿನಲ್ಲಿ, ಗುರುತು ಹೇಳಿದಂತಿತ್ತು. ಒಂದು ದಿನ ಚಳಿ ವಿಪರೀತವಾಗಿ ನಾನು ಗೋಡೆಗೆ ಒರಗಿ ನಡುಗುತ್ತಿದ್ದೆ. ಅವಳು ಸ್ವಲ್ಪ ಸರಿದು ಕೂತಳು. ನಾನು ಹೋಗಿ ಬೆಂಚಿನ ತುದಿಯಲ್ಲಿ ಕೂತೆ. ಮೂರ್ತಿ ಸರ್ ಬಂದು ನೋಡಿ, ಕಣ್ಣಲ್ಲೇ ಏಳು ಎಂದರು. ಎದ್ದೆ.

ಕೊನೆಗೂ ವಾದ ನಡೆದದ್ದು ಸಂಕ್ರಾಂತಿ ಕಳೆದ ಮೇಲೆ. ನ್ಯಾಯಾಧೀಶರು ಮಧ್ಯವಯಸ್ಸಿನವರು, ಕಪ್ಪು ಕೋಟಿನೊಳಗೆ ಸ್ವೆಟರು, ಮೆಲುದನಿ. ಸರ್ಕಾರಿ ವಕೀಲೆ ಚಿಕ್ಕ ವಯಸ್ಸಿನವರು, ನೆಗಡಿಯಿಂದ ಮೂಗು ಕೆಂಪಾಗಿತ್ತು. ಮಾಲೀಕರ ವಕೀಲರು ಎದ್ದು, ನನ್ನ ಕಕ್ಷಿದಾರರು ಮಾಲೀಕರು ನಿಜ, ಆದರೆ ಲಿಫ್ಟ್ ಅಪಾಯದಲ್ಲಿದೆ ಎಂದು ಅವರಿಗೆ ತಿಳಿದಿತ್ತು ಎನ್ನಲು ಒಂದಕ್ಷರವಿದ್ದರೆ ತೋರಿಸಿ ಎಂದರು. ಸರ್ಕಾರಿ ವಕೀಲೆ ಮೆಕ್ಯಾನಿಕ್‌ನ ಹೇಳಿಕೆ ತೆಗೆದು ಓದಿದರು. ಬ್ರೇಕು ಹೋಗಿದೆ, ಯಾರನ್ನೂ ಹತ್ತಿಸಬೇಡಿ ಎಂದು "ಆಫೀಸಿಗೆ ತಿಳಿಸಿದ್ದೆ" ಎಂದಿದ್ದ ಅವನು.

ನ್ಯಾಯಾಧೀಶರು ಕನ್ನಡಕ ತೆಗೆದರು. "ದಫ್ತರ್ ಯಾನೀ ಕೌನ್?" ಎಂದು ಕೇಳಿದರು. ಆಫೀಸು ಅಂದರೆ ಯಾರು?

ಸರ್ಕಾರಿ ವಕೀಲೆ ಪುಟ ತಿರುವಿದರು. ಹಿಂದಕ್ಕೆ, ಮುಂದಕ್ಕೆ.

"ಮೇಜಿಗೆ ಹೇಳಿದನೇ, ಗೋಡೆಗೆ ಹೇಳಿದನೇ? ಮಾಲೀಕರಿಗೋ, ಈ ಹುಡುಗಿಗೋ, ಗೇಟಿನ ಕಾವಲುಗಾರನಿಗೋ? ಅನುಮಾನ ನನಗೂ ಇದೆ. ಬರೀ ಅನುಮಾನದ ಮೇಲೆ ಇಷ್ಟು ದೊಡ್ಡ ಆರೋಪ ಹೊರಿಸೋದಕ್ಕಾಗಲ್ಲ. ಬಲವಾದ ಅನುಮಾನ ಬೇಕು. ಯಾರ ಮೇಲೆ ಅಂತ ಗೊತ್ತಾಗಬೇಕು."

ಮೆಕ್ಯಾನಿಕ್ ನನ್ನ ಹೆಸರು ಯಾಕೆ ಹೇಳಲಿಲ್ಲ ಎಂದು ಇವತ್ತಿಗೂ ನನಗೆ ತಿಳಿಯದು. ನನ್ನ ಮೇಲಿನ ಕನಿಕರವೋ, ಮಾಲೀಕರ ಭಯವೋ, ಬರೆದುಕೊಂಡವರ ಅವಸರವೋ. ನಾನು ಹಿಂದಿನ ಸಾಲಿನಲ್ಲಿ ನಿಂತಿದ್ದೆ. ಆ ಕೋಣೆಯಲ್ಲಿ ಆ ಪ್ರಶ್ನೆಗೆ ಉತ್ತರ ಗೊತ್ತಿದ್ದವರು ಇಬ್ಬರು. ಮಾಲೀಕರು ಕಿಟಕಿಯತ್ತ ನೋಡುತ್ತಿದ್ದರು. ನಾನು ಒಂದು ಹೆಜ್ಜೆ ಮುಂದಿಟ್ಟಿರಬೇಕು. ಮೂರ್ತಿ ಸರ್ ತಿರುಗಿ ನೋಡದೆಯೇ ಕೈ ಹಿಂದೆ ಮಾಡಿ, ಬೆರಳುಗಳನ್ನು ಅಗಲಿಸಿ, ತಡೆದರು.

ಹೊರಗೆ ಬಂದ ಮೇಲೆ ಬೈದರು. "ಈಗ ನೀನು ಹೇಳಿದ್ರೆ ಅವರು ಬರ್ಕೊಳ್ಳಲ್ಲ. ಆರೋಪಿ ಎದ್ದು ನಿಂತು ಇನ್ನೊಬ್ಬ ಆರೋಪಿ ಮೇಲೆ ಹೇಳಿದ ಮಾತು ಅದು, ಈ ಘಟ್ಟದಲ್ಲಿ ಚಿಕ್ಕಾಸಿನ ಬೆಲೆ ಇಲ್ಲ. ಅವನು ಬಚಾವಾಗ್ತಾನೆ, ನೀನು ಸಿಕ್ಕಿಹಾಕ್ಕೋತೀಯ. ಅದರಿಂದ ಆ ಹೆಣ್ಣುಮಗಳಿಗೇನು ಉಪಕಾರ?"

ಆದೇಶ ಬಂದದ್ದು ಮಂಜು ತೆಳುವಾಗತೊಡಗಿದಾಗ. ಆರೋಪಪಟ್ಟಿಯನ್ನು ಪೂರ್ತಿ ನಿಜವೆಂದುಕೊಂಡರೂ ಎರಡನೆಯ ಆರೋಪಿಯ ವಿರುದ್ಧ ಯಾವ ಅಪರಾಧವೂ ಮೇಲ್ನೋಟಕ್ಕೂ ಕಾಣುವುದಿಲ್ಲ, ಆಕೆಯನ್ನು ಬಿಡಲಾಗಿದೆ. ಒಂದನೆಯ ಆರೋಪಿಗೆ ಅಪಾಯದ ಅರಿವಿತ್ತೆಂಬುದಕ್ಕೆ ಆಧಾರವಿಲ್ಲ. ಅವರ ಮೇಲೆ ಅಜಾಗರೂಕತೆಯ ಆರೋಪ ಮಾತ್ರ. ಕೇಸು ಮ್ಯಾಜಿಸ್ಟ್ರೇಟ್ ಕೋರ್ಟಿಗೆ. ಇಷ್ಟನ್ನು ಓದುವುದಕ್ಕೆ ಹೆಚ್ಚು ಹೊತ್ತೇನೂ ಹಿಡಿಯಲಿಲ್ಲ. ಆದೇಶ ತಪ್ಪೆಂದು ನಾನು ಹೇಳಲಾರೆ. ಮುಂದಿದ್ದ ಕಾಗದದಿಂದ ಯಾರಾದರೂ ಅಷ್ಟನ್ನೇ ಬರೆಯುತ್ತಿದ್ದರು.

ಮೂರ್ತಿ ಸರ್ ನನ್ನ ಬೆನ್ನು ತಟ್ಟಿದರು. ಮಾವ ಫೋನಿನಲ್ಲಿ "ಬಾ ಮನೆಗೆ, ಬಾ," ಎಂದಷ್ಟೇ ಅಂದರು. ನಾನು ಮೆಟ್ಟಿಲಿಳಿಯುವಾಗ ಪುಷ್ಪಾ ಎದುರು ಬಂದು ನಿಂತಳು. ಅವಳು ನನ್ನೊಂದಿಗೆ ನೇರವಾಗಿ ಮಾತಾಡಿದ್ದು ಅದೇ ಮೊದಲು.

"ಮೇಡಂ, ಒಳಗೆ ಇಂಗ್ಲಿಷಿನಲ್ಲಿ ಓದಿದರು. ಅಣ್ಣ ಹೇಳುತ್ತಾನೆ, ಲಿಫ್ಟ್ ಕೆಟ್ಟಿತ್ತೆಂದು ಯಾರಿಗೂ ಗೊತ್ತಿರಲಿಲ್ಲ ಅಂತ ಬರೆದಿದ್ದಾರಂತೆ. ನಿಜವೇ? ಕಿಸೀ ಕೋ ನಹೀಂ ಪತಾ ಥಾ?"

ಯಾರಿಗೂ ಗೊತ್ತಿರಲಿಲ್ಲವೇ? ನಾನು ಅವಳ ಪಕ್ಕದಿಂದ ಸರಿದು ಗೇಟು ದಾಟಿದೆ.

ಆ ಸಂಜೆ ಅತ್ತೆ ಕೇಸರಿಭಾತ್ ಮಾಡಿದ್ದರು. ಊಟವಾದ ಮೇಲೆ ನಾನು ಮಾವನಿಗೆ, ಸರ್ಕಾರಿ ವಕೀಲರ ಹತ್ತಿರ ಹೋಗಿ ಎಲ್ಲ ಹೇಳುತ್ತೇನೆ ಎಂದೆ. ಈಗ ನಾನು ಆರೋಪಿಯಲ್ಲ, ಸಾಕ್ಷಿ ಆಗಬಹುದು.

ಮಾವ ತುಂಬ ಸಮಾಧಾನದ ಮನುಷ್ಯ. ಅವತ್ತು ದನಿ ಏರಿತು. "ಬಿಡುಗಡೆ ಸಿಕ್ಕಿದೆ, ಕೆಲಸ ಕಾದಿದೆ. ಮತ್ತೆ ಹೋಗಿ ತಲೆ ಕೊಡ್ತೀಯಾ? ನಿನ್ನನ್ನೇ ವಾಪಸ್ ಆರೋಪಿ ಮಾಡಿದ್ರೆ? ನಿಮ್ಮಮ್ಮನಿಗೆ ನಾನೇನು ಹೇಳಲಿ?"

ಕಾಲೇಜಿಗೆ ಹೋಗುತ್ತಿದ್ದ ಅವರ ಮಗಳು ಸೋಫಾದಿಂದಲೇ, "ಪಪ್ಪಾ, ಪ್ಲೀಸ್. ಅಕ್ಕ ಸಚ್ ಬೋಲ್ ರಹೀ ಹೈ ನಾ? ನಿಜ ಹೇಳಲಿ ಬಿಡಿ," ಎಂದಳು.

"ನೀನು ಸುಮ್ನಿರು!"

ಅತ್ತೆ ತಟ್ಟೆಗಳನ್ನು ಎತ್ತುತ್ತಾ ನನ್ನನ್ನೇ ಕೇಳಿದರು: "ಹೇಳದೇ ಇದ್ರೆ ನಿನಗೆ ನಿದ್ದೆ ಬರುತ್ತಾ?"

"ಇಲ್ಲ ಅತ್ತೆ."

"ಹಾಗಾದ್ರೆ ಹೋಗು. ಇವರು ಎರಡು ದಿನ ಮಾತು ಬಿಡ್ತಾರೆ, ಆಮೇಲೆ ಸರಿಹೋಗ್ತಾರೆ."

ಮಾವ ಮಾತು ಬಿಟ್ಟದ್ದು ಹೋಳಿಯವರೆಗೆ. ಮೂರ್ತಿ ಸರ್ ಮಾತ್ರ ನಾನು ನಿರೀಕ್ಷಿಸಿದಂತೆ ಬೈಯಲಿಲ್ಲ. ನನ್ನನ್ನೊಮ್ಮೆ ನೋಡಿ, "ನಿನ್ನ ವಕೀಲನಾಗಿ ಬೇಡ ಅಂತೀನಿ. ಅದನ್ನ ಹೇಳಿ ಆಯ್ತು. ಈಗ ನಡಿ," ಎಂದು ಕೋಟು ಹಾಕಿಕೊಂಡರು. ಸರ್ಕಾರಿ ವಕೀಲೆಯ ಕೋಣೆಗೆ ಅವರೇ ಕರೆದೊಯ್ದರು. ನಾನು ಹೇಳಿದ್ದನ್ನು ಕೇಳಿ ಆಕೆ ಬಹಳ ಹೊತ್ತು ಪೆನ್ನಿನ ಮುಚ್ಚಳ ತೆಗೆದು ಹಾಕಿ ಮಾಡಿದರು. ಆಮೇಲೆ ಕೋರ್ಟಿನ ಅನುಮತಿ ಪಡೆದು ಮುಂದುವರಿದ ತನಿಖೆಗೆ ವ್ಯವಸ್ಥೆ ಮಾಡಿದರು.

ಪ್ರಮಾಣ ಮಾಡಿಸಿ ನನ್ನ ಹೇಳಿಕೆ ಬರೆದುಕೊಂಡವರು ಬೇರೊಬ್ಬ ಮ್ಯಾಜಿಸ್ಟ್ರೇಟ್, ನನ್ನದೇ ವಯಸ್ಸಿನ ಹೆಣ್ಣುಮಗಳು. ಯಾರಾದರೂ ಹೆದರಿಸಿದ್ದಾರೆಯೇ, ಆಸೆ ತೋರಿಸಿದ್ದಾರೆಯೇ ಎಂದು ಕೇಳಿದರು. ಇಲ್ಲ ಎಂದೆ. ಇದು ನಿಮಗೇ ತೊಂದರೆ ತರಬಹುದು, ಗೊತ್ತೇ? ಗೊತ್ತು ಎಂದೆ. ಹೇಳಿ ಎಂದರು. ಮೆಕ್ಯಾನಿಕ್ ಪಕ್ಕಕ್ಕೆ ಕರೆದಲ್ಲಿಂದ ಮಾಲು ಹೊರಡಲಿ ಎಂಬ ಮಾತಿನವರೆಗೆ ಎಲ್ಲವನ್ನೂ ಹೇಳಿದೆ.

ಮೆಕ್ಯಾನಿಕ್‌ನನ್ನು ಮತ್ತೆ ಕರೆಸಿ ಕೇಳಿದರು. ಅವನೂ ಈ ಸಲ ನನ್ನ ಹೆಸರು ಹೇಳಿದ. ಮಾಲೀಕರೇ ಬಂದು ಲಿಫ್ಟ್ ಚಾಲೂ ಮಾಡಿಸಿದರೆಂದು ಮಹಡಿಯ ಇಬ್ಬರು ಹೆಂಗಸರು ಮೊದಲ ಬಾರಿಗೆ ಬಾಯಿಬಿಟ್ಟರು; ಒಬ್ಬರು ಮಾತಾಡಿದರೆ ಇನ್ನೊಬ್ಬರಿಗೆ ಧೈರ್ಯ ಬರುತ್ತದೆ. ನೋಯ್ಡಾದ ಆ ಕಂಪನಿ ನಯವಾಗಿ ಹಿಂದೆ ಸರಿಯಿತು. ಬೇಸಿಗೆಯೆಲ್ಲ ನಾನು ಕೆಲಸವಿಲ್ಲದೆ ಇದ್ದೆ. ಆಮೇಲೆ ನೋಯ್ಡಾದಲ್ಲೇ ಸಿಕ್ಕಿದ್ದು ಸಣ್ಣ ಘಟಕ, ಸಣ್ಣ ಸಂಬಳ. ಈಗಲೂ ಅಲ್ಲಿಯೇ ಇದ್ದೇನೆ.

ಫೈಲು ಮತ್ತೆ ಮೇಲಿನ ಕೋರ್ಟಿಗೆ ಹೋಯಿತು. ನಮ್ಮ ಹಳೆಯ ನ್ಯಾಯಾಧೀಶರು ವರ್ಗವಾಗಿದ್ದರು, ಹೊಸಬರು ಕೇಳಿದರು. ಮಾಲೀಕರ ವಕೀಲರು ನನ್ನತ್ತ ಬೆರಳು ತೋರಿಸಿ, ಗೊತ್ತಿತ್ತು ಎಂದು ಈಕೆಯೇ ಒಪ್ಪಿದ್ದಾಳೆ, ಹಾಗಾದರೆ ಈಕೆಯನ್ನೂ ಕಟಕಟೆಗೆ ಕರೆಯಿರಿ ಎಂದು ಅರ್ಜಿ ಹಾಕಿದರು. ಅದರ ತೀರ್ಮಾನವಾಗುವವರೆಗೆ ಅತ್ತೆ ಶನಿವಾರದ ಉಪವಾಸ ಹಿಡಿದಿದ್ದರಂತೆ, ಆಮೇಲೆ ತಿಳಿಯಿತು. ನ್ಯಾಯಾಧೀಶರು ಅರ್ಜಿ ತಳ್ಳಿಹಾಕಿದರು. ಅಪಾಯ ತಿಳಿದು ನಡೆಸಿದವರೂ ಅಪಾಯ ತಿಳಿದು ತಡೆಯಲು ನೋಡಿದವರೂ ಒಂದೇ ಅಲ್ಲ ಎಂದರು. ಮಾಲೀಕರ ಮೇಲೆ ನರಹತ್ಯೆಯ ಆರೋಪ ಹೊರಿಸಲು ಸಾಕಷ್ಟು ಆಧಾರವಿದೆ ಎಂದರು.

ಆ ದಿನ ನಾನು ರಜೆ ಹಾಕಿ ಹೋಗಿದ್ದೆ. ಮಾವನೂ ಬಂದಿದ್ದರು, ಟೈ ಕಟ್ಟಿಕೊಂಡು, ಆಫೀಸಿಗೆ ಹೋಗುವವರ ಹಾಗೆ. ಆರೋಪವನ್ನು ಹಿಂದಿಯಲ್ಲಿ ಓದಿ ಹೇಳಿ, ಒಪ್ಪುತ್ತೀರಾ, ವಿಚಾರಣೆ ಬೇಕೆನ್ನುತ್ತೀರಾ ಎಂದು ಕೇಳಿದರು. ಬಡೇ ಸಾಹೇಬ್ ಕೈಕಟ್ಟಿ ನಿಂತು ತಗ್ಗಿದ ದನಿಯಲ್ಲಿ, ಒಪ್ಪುವುದಿಲ್ಲ, ವಿಚಾರಣೆ ನಡೆಯಲಿ ಎಂದರು. ಒಂದು ಸಹಿ ಹಾಕಿದರು. ಸಾಕ್ಷಿಗಳಿಗೆ ಮುಂದಿನ ತಾರೀಖು ಕೊಟ್ಟು ಬೇರೆ ಕೇಸು ಕರೆದರು.

ಕಾರಿಡಾರಿನಲ್ಲಿ ಪುಷ್ಪಾ ನನ್ನ ತೋಳು ಹಿಡಿದಳು.

"ಮುಗಿಯಿತೇ ಮೇಡಂ?"

"ಇಲ್ಲ. ಈಗ ಶುರು."

"ಹಾಗಾದರೆ ಇಷ್ಟು ದಿನ ನಡೆದದ್ದು?"

"ಶುರು ಮಾಡಬೇಕೋ ಬೇಡವೋ ಎಂದು ನೋಡಿದ್ದು."

ಅವಳು ನನ್ನ ಮುಖವನ್ನೇ ನೋಡಿದಳು, ತಮಾಷೆ ಮಾಡುತ್ತಿದ್ದೇನೆಯೇ ಎಂದು. ಆಮೇಲೆ ಸೆರಗು ಸರಿಮಾಡಿಕೊಂಡು, ಮುಂದಿನ ತಾರೀಖು ಯಾವುದೆಂದು ಕೇಳಿ, ಅದನ್ನು ಬಾಯಲ್ಲೇ ಎರಡು ಸಲ ಹೇಳಿಕೊಂಡು, ಅಣ್ಣನ ಹಿಂದೆ ಮೆಟ್ಟಿಲಿಳಿದು ಹೋದಳು.